ಮೀನಾಳನ್ನು ರೂಪಿಸಿದ ನಿರ್ದೇಶಕ

ರಾಮ್ ಮೋಹನರನ್ನು ಭಾರತೀಯ ಆನಿಮೇಷನ್ನಿನ ಪಿತಾಮಹರೆಂದು ಕರೆಯುವ ರೂಢಿಯಿದೆ. 2014ರಲ್ಲಿ ಅವರಿಗೆ ಪದ್ಮಶ್ರೀ ಸಂದಿತು. ಜಪಾನೀಯರೊಡಗೂಡಿ ಅವರು ನಿರ್ದೇಶಿಸಿದ ರಾಮಾಯಣದ ಚಿತ್ರವನ್ನು ಜನ ಇಂದಿಗೂ ಆದರದಿಂದ ಸ್ಮರಿಸುತ್ತಾರೆ. ಈ ಮನ್ನಣೆಯೆಲ್ಲ ಯುಕ್ತವೇ. ಆದರೆ ಅರ್ಧ ಶತಮಾನವನ್ನೂ ಮೀರಿದ ಆ ವೃತ್ತಿಜೀವನದ ಶ್ರೇಷ್ಠ ಕೃತಿ ಯಾವುದೆಂದು ಯಾರಾದರೂ ಕೇಳಿದರೆ, ಹಿರಿತೆರೆಯ ಆ ಮಹಾಕಥೆಯನ್ನಲ್ಲ, ಮಕ್ಕಳಿಗಾಗಿ ಕಿರುತೆರೆಯಲ್ಲಿ ಮೂಡಿಬಂದ ಮೀನಾ ಎಂಬ ಹಳ್ಳಿಯ ಹುಡುಗಿಯ ಕಥೆಗಳನ್ನೇ ನಾನು ಹೆಸರಿಸುವೆನು.

1931ರಲ್ಲಿ ಕೇರಳದ ತಿರುವಲ್ಲಾದಲ್ಲಿ ಹುಟ್ಟಿ, ಮದರಾಸಿನಲ್ಲಿ ರಸಾಯನಶಾಸ್ತ್ರವನ್ನು ಓದಿದ ರಾಮ್ ಮೋಹನರು 1956ರಲ್ಲಿ ಮುಂಬಯಿಯ ಫಿಲ್ಮ್ಸ್ ಡಿವಿಷನ್ನಿನ ಕಾರ್ಟೂನ್ ವಿಭಾಗವನ್ನು ಸೇರಿದರು. ಡಿಸ್ನಿ ಸಂಸ್ಥೆಯಲ್ಲಿ ಪಳಗಿದ್ದ ಕ್ಲೇರ್ ವೀಕ್ಸ್ ಅಲ್ಲಿ ಅವರಿಗೆ ಗುರುವಾದರು. ತೆರೆಯ ಮೇಲಿನ ಒಂದು ಸೆಕೆಂಡಿನ ಚಲನೆಗೆ 24 ಚೌಕಟ್ಟುಗಳು ಬೇಕಾಗುವ ಈ ವಿದ್ಯೆಯಲ್ಲಿ ತಾಳ್ಮೆಯೇ ಮೊದಲ ಪಾಠ. 1972ರಲ್ಲಿ ಅವರು ಸ್ವಂತ ಸಂಸ್ಥೆಯನ್ನು ತೆರೆದರು, ಜಾಹೀರಾತುಗಳನ್ನು ಮಾಡಿದರು, ಸತ್ಯಜಿತ್ ರಾಯರ 'ಶತರಂಜ್ ಕೆ ಖಿಲಾಡಿ'ಗೆ ಆನಿಮೇಷನ್ ಒದಗಿಸಿದರು.

1990ರ ದಶಕದ ಆದಿಯಲ್ಲಿ ಯುನಿಸೆಫ್ ಸಂಸ್ಥೆಯು ದಕ್ಷಿಣ ಏಷ್ಯಾದ ಹೆಣ್ಣುಮಕ್ಕಳ ಸ್ಥಿತಿಗತಿಯನ್ನು ಕುರಿತು ಚಿತ್ರಮಾಲಿಕೆಯೊಂದನ್ನು ಯೋಜಿಸಿ, ಅದರ ನಿರ್ದೇಶನವನ್ನು ಇವರಿಗೆ ಒಪ್ಪಿಸಿತು. ಭಾರತ, ಪಾಕಿಸ್ತಾನ, ಬಾಂಗ್ಲಾದೇಶ, ನೇಪಾಳಗಳ ಮಕ್ಕಳೂ ತಾಯಿತಂದೆಯರೂ ತಮ್ಮವಳೆಂದು ಒಪ್ಪುವಂತಹ ಒಂದೇ ಮುಖವನ್ನು ಬರೆಯುವುದು ಸುಲಭಸಾಧ್ಯವಾದ ಕಾರ್ಯವಲ್ಲ. ಆಯಾ ನಾಡುಗಳ ಜನರಿಗೆ ಚಿತ್ರಗಳನ್ನು ತೋರಿಸಿ, ಅವರ ಅಭಿಪ್ರಾಯವನ್ನು ಕೇಳಿ, ತಿದ್ದಿ ತಿದ್ದಿ ಮೀನಾಳ ರೂಪವನ್ನೂ ಉಡುಪನ್ನೂ ನಿರ್ಧರಿಸಲಾಯಿತು.

ಒಂದು ಕಥೆಯಲ್ಲಿ ಮರ ಹತ್ತಿ ಮಾವಿನ ಹಣ್ಣನ್ನು ಕಿತ್ತು ತಂದವಳು ಮೀನಾ. ಹೆಚ್ಚಿನ ಪಾಲು ದೊರೆಯುವುದು ತಮ್ಮನಾದ ರಾಜುವಿಗೆ. ಇಬ್ಬರೂ ಒಂದು ದಿನದ ಮಟ್ಟಿಗೆ ಕೆಲಸಗಳನ್ನು ಅದಲುಬದಲು ಮಾಡಿಕೊಂಡಾಗ, ಅಕ್ಕನ ದುಡಿಮೆಯನ್ನೂ ಅಕ್ಕನ ತಟ್ಟೆಯ ಅಲ್ಪಾನ್ನವನ್ನೂ ರಾಜು ತಾನೇ ಅನುಭವಿಸಿ ಅರಿಯುತ್ತಾನೆ. ಇನ್ನೊಂದರಲ್ಲಿ ಶಾಲೆಯ ಭಾಗ್ಯವಿಲ್ಲದ ಮೀನಾ, ತನ್ನ ಗಿಳಿ ಮಿಠ್ಠುವನ್ನು ಶಾಲೆಗೆ ಅಟ್ಟಿ, ಅದು ಕೇಳಿಬಂದ ಲೆಕ್ಕವನ್ನು ಅದರಿಂದಲೇ ಕಲಿಯುತ್ತಾಳೆ; ಆ ಲೆಕ್ಕದ ಬಲದಿಂದಲೇ ಮನೆಯ ಕೋಳಿಗಳಲ್ಲಿ ಒಂದು ಕಡಮೆಯಾದುದನ್ನು ಕಂಡುಹಿಡಿದು ಕಳ್ಳನನ್ನು ಹಿಡಿಸುತ್ತಾಳೆ. ಇಲ್ಲಿ ಉಪದೇಶವಿಲ್ಲವೆಂದಲ್ಲ, ಉಪದೇಶಕ್ಕಾಗಿಯೇ ಹುಟ್ಟಿದ ಕೃತಿಯಿದು. ಆದರೆ ಪಾಲು ಕಡಮೆಯಾಯಿತೆಂಬ ಮಗುವಿನ ಸಹಜವಾದ ನೋವೇ ಕಥೆಯನ್ನು ನಡೆಸುವುದರಿಂದ, ನೋಡುವ ಬಾಲಕ ಬಾಲಕಿಯರು ಬೋಧನೆಗೆ ಒಳಗಾದೆವೆಂದು ಬೇಸರಿಸದೆ ನ್ಯಾಯದ ಪಕ್ಷವನ್ನು ವಹಿಸುತ್ತಾರೆ. ಹಿರಿಯರ ಸಂದೇಶವನ್ನು ಮಗುವಿನ ದೃಷ್ಟಿಗೆ ಇಳಿಸುವ ಈ ಶಕ್ತಿಯೇ ಮಕ್ಕಳ ಚಿತ್ರ ನಿರ್ದೇಶಕನ ನಿಜವಾದ ಪ್ರತಿಭೆ. ಚಿತ್ರದ ಬೆಡಗು ಅದರ ನಂತರದ ಮಾತು.

ರಾಮ್ ಮೋಹನರು 2019ರಲ್ಲಿ ತೀರಿಕೊಂಡರು. ಮೀನಾಳಂತಹ ಕೃತಿಯನ್ನು ಕನ್ನಡದಲ್ಲಿ ಅರಸಿದರೆ, ನಮ್ಮ ಮಕ್ಕಳ ಕಾರ್ಯಕ್ರಮಗಳಲ್ಲಿ ಕನ್ನಡದ ದನಿ ಕೇಳಿಸುವುದೇನೋ ಉಂಟು. ಆದರೆ ಬಹುಮಟ್ಟಿಗೆ ಅದು ಅನ್ಯತ್ರ ರಚಿತವಾದ ಮುಖಗಳಿಗೆ ಹೊಂದಿಸಿದ ದನಿ. ಡಬ್ಬಿಂಗ್ ಬೇಡವೆಂದು ನಾನು ಹೇಳುವವನಲ್ಲ, ಆದರೆ ಅಷ್ಟಕ್ಕೇ ತೃಪ್ತರಾಗುವುದು ಸಲ್ಲದು. ಮಲೆನಾಡಿನ, ಬಯಲುಸೀಮೆಯ, ಕರಾವಳಿಯ ಮಕ್ಕಳ ಮನೆಯಂಗಳದಿಂದಲೇ ಹುಟ್ಟುವ ಒಂದು ಮಾಲಿಕೆಗೆ ಕನ್ನಡದ ವಾಹಿನಿಗಳೂ ಸರ್ಕಾರವೂ ಹಣವನ್ನು ಒದಗಿಸಲಿ. ಅದಕ್ಕಿಂತ ಮುಖ್ಯವಾಗಿ, ನಿರ್ದೇಶಕನಿಗೆ ಮಕ್ಕಳ ಬಳಿ ಕುಳಿತು ಕೇಳುವಷ್ಟು ಕಾಲಾವಕಾಶವನ್ನು ಕೊಡಲಿ.