ನಕಲು ಮತ್ತು ದುಡಿಮೆ

ಒಬ್ಬನ ಕಿಸೆಯಲ್ಲಿರುವ ರೂಪಾಯಿಯನ್ನು ಮತ್ತೊಬ್ಬನು ತೆಗೆದುಕೊಂಡರೆ ಆ ಕಿಸೆ ಬರಿದಾಗುತ್ತದೆ. ಅದು ಕಳ್ಳತನವೆಂಬುದು ಮಗುವಿಗೂ ತಿಳಿದ ಮಾತು. ಆದರೆ ಒಂದು ಚಲನಚಿತ್ರವನ್ನು ಒಡೆಯನ ಅನುಮತಿಯಿಲ್ಲದೆ ಅಂತರಜಾಲದಿಂದ ನಕಲು ಮಾಡಿಕೊಂಡಾಗ ಮೂಲಚಿತ್ರವು ಇದ್ದಲ್ಲಿಯೇ ಇರುತ್ತದೆ. ಹಾಗಾದರೆ ಇಲ್ಲಿ ನಷ್ಟವಾದುದು ಏನು? ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡಗಳಲ್ಲಿಯೂ ಜನರು ಇಂದು ಮೊಬೈಲಿನಲ್ಲಿ ಚಿತ್ರಗಳನ್ನು ನೋಡುತ್ತಾರೆ. ಆದುದರಿಂದ ಈ ಪ್ರಶ್ನೆ ಮಹಾನಗರಗಳಿಗೆ ಮಾತ್ರ ಸೇರಿದುದಲ್ಲ.

ಉತ್ತರವನ್ನು ಅರಸುವ ಮೊದಲು ಗಣಕಯಂತ್ರದ ಒಳಗನ್ನು ಸ್ವಲ್ಪ ನೋಡಬೇಕು. ಯಂತ್ರವು ಅರಿಯುವುದು ಸೊನ್ನೆ ಮತ್ತು ಒಂದು ಎಂಬ ಎರಡೇ ಅಂಕಿಗಳನ್ನು. ಅಂಕಿಗಳ ಆ ಸಾಲುಗಳನ್ನು ನೆನಪಿಡುವುದು ಮನುಷ್ಯನಿಗೆ ಕಷ್ಟ. ಆದುದರಿಂದ ಒಂದೊಂದು ಆದೇಶಕ್ಕೂ ಒಂದೊಂದು ಕಿರುಹೆಸರನ್ನು ಇಟ್ಟರು. ಈ ಹೆಸರುಗಳಿಂದ ಕೂಡಿದುದೇ ಅಸೆಂಬ್ಲಿ ಭಾಷೆ. 1976ರಲ್ಲಿ ಇಂಟೆಲ್ ಸಂಸ್ಥೆಯು ಹೊರತಂದ 8085 ಎಂಬ ಮೈಕ್ರೋಪ್ರೊಸೆಸರ್ ನಮ್ಮ ದೇಶದ ತಾಂತ್ರಿಕ ವಿದ್ಯಾಲಯಗಳಲ್ಲಿ ಬಹುಕಾಲ ಈ ಭಾಷೆಯ ಮೊದಲ ಪಾಠಕ್ಕೆ ಆಧಾರವಾಗಿತ್ತು. ಅದರಲ್ಲಿ ಎ, ಬಿ, ಸಿ ಮೊದಲಾದ ಹೆಸರಿನ ರಿಜಿಸ್ಟರುಗಳೆಂಬ ಪುಟ್ಟ ಕೋಶಗಳಿವೆ. ಒಂದೊಂದು ಕೋಶದಲ್ಲಿ 0ಯಿಂದ 255ರವರೆಗಿನ ಒಂದು ಸಂಖ್ಯೆ ಹಿಡಿಸುತ್ತದೆ. ‘ಮೂವ್ ಎ, ಬಿ’ ಎಂದು ಆದೇಶವಿತ್ತರೆ ಬಿ ಕೋಶದ ಸಂಖ್ಯೆ ಎ ಕೋಶಕ್ಕೆ ಬರುತ್ತದೆ. ಇಲ್ಲಿ ಒಂದು ಸ್ವಾರಸ್ಯವುಂಟು. ‘ಮೂವ್’ ಎಂದರೆ ಸಾಗಿಸು ಎಂದರ್ಥವಾದರೂ ಸಂಖ್ಯೆಯು ಬಿ ಕೋಶವನ್ನು ಬಿಟ್ಟು ಹೋಗುವುದಿಲ್ಲ. ಅದರ ನಕಲು ಮಾತ್ರ ಎ ಕೋಶದಲ್ಲಿ ಮೂಡುತ್ತದೆ.

ಹೀಗೆ ನಕಲು ಮಾಡುವುದು ಯಂತ್ರದ ಸಹಜಗುಣ. ಸಂಖ್ಯೆಗಳ ರೂಪದಲ್ಲಿ ಶೇಖರಿಸಿಟ್ಟ ಚಲನಚಿತ್ರವೂ ಯಂತ್ರದ ಪಾಲಿಗೆ ಸಂಖ್ಯೆಗಳ ದೀರ್ಘವಾದ ಒಂದು ಸಾಲೇ ಸರಿ. ಆ ಸಂಖ್ಯೆ ಯಾರದು, ಅದರ ಹಿಂದೆ ಯಾರ ಬೆವರು ಇದೆ ಎಂದು ಯಂತ್ರವು ಕೇಳದು. ಕೇಳಬೇಕಾದವನು ಮನುಷ್ಯ.

ತಮಿಳಿಗೆ ಡಬ್ ಆದ ಒಂದು ಚಿತ್ರವನ್ನೇ ತೆಗೆದುಕೊಳ್ಳೋಣ. ಮಾತುಗಳನ್ನು ಮತ್ತೊಂದು ಭಾಷೆಗೆ ತಂದು, ನಟರ ತುಟಿಯ ಚಲನೆಗೆ ಹೊಂದಿಸಿ ಬರೆಯುವವರಿದ್ದಾರೆ; ಅವಕ್ಕೆ ಧ್ವನಿ ನೀಡುವ ಕಲಾವಿದರಿದ್ದಾರೆ; ಧ್ವನಿಯನ್ನು ಮುದ್ರಿಸುವ ತಂತ್ರಜ್ಞರಿದ್ದಾರೆ. ತೆರೆಯ ಮೇಲೆ ಇವರ ಮುಖ ಕಾಣುವುದಿಲ್ಲ. 2018ರಲ್ಲಿ ತೆರೆಕಂಡ ಕನ್ನಡದ ‘ಕೆ.ಜಿ.ಎಫ್.’ ಮತ್ತು 2022ರ ‘ಕಾಂತಾರ’ ಚಿತ್ರಗಳು ತಮಿಳು, ತೆಲುಗು ಮೊದಲಾದ ಭಾಷೆಗಳಲ್ಲಿಯೂ ಜನರನ್ನು ತಲಪಿದವು. ಇಂಥ ಚಿತ್ರವೊಂದರ ತಮಿಳು ರೂಪವನ್ನು ಕದ್ದರೆ ಅದರ ಪೆಟ್ಟು ತಮಿಳರಿಗಷ್ಟೇ ಅಲ್ಲ, ಕನ್ನಡದ ಕೆಲಸಗಾರರಿಗೂ ತಗಲುತ್ತದೆ. ಕದಿಯಲ್ಪಡುವುದು ಚಿತ್ರವಲ್ಲ, ದುಡಿಮೆಯ ಪ್ರತಿಫಲ.

ಈ ಮಾತಿಗೆ ಪಾವಗಡ ತಾಲ್ಲೂಕಿನಲ್ಲಿಯೇ ಒಂದು ನಿದರ್ಶನವಿದೆ. ತಿರುಮಣಿಯ ಸುತ್ತಮುತ್ತ ಸುಮಾರು 13,000 ಎಕರೆಗಳಲ್ಲಿ 2,050 ಮೆಗಾವ್ಯಾಟ್ ಸಾಮರ್ಥ್ಯದ ಸೌರ ವಿದ್ಯುತ್ ಉದ್ಯಾನವು ಹಬ್ಬಿದೆ. ಅದಕ್ಕಾಗಿ ರೈತರ ಭೂಮಿಯನ್ನು ಕೊಳ್ಳಲಿಲ್ಲ, ಗುತ್ತಿಗೆಗೆ ಪಡೆದರು. ಮೊದಲಿಗೆ ಎಕರೆಗೆ ವರ್ಷಕ್ಕೆ 21,000 ರೂಪಾಯಿಗಳನ್ನು ಗೊತ್ತುಮಾಡಿದರು. ಅಲ್ಲಿ ಬಿಸಿಲನ್ನು ಬಳಸಿದುದರಿಂದ ಸೂರ್ಯನಿಗೆ ಕೊರತೆಯಿಲ್ಲ. ಹೊಲವನ್ನು ಯಾರೂ ಹೊತ್ತುಕೊಂಡು ಹೋಗುವುದಿಲ್ಲ. ಹಾಗೆಂದು ಗುತ್ತಿಗೆಯ ಹಣವನ್ನು ಕೊಡದಿದ್ದರೆ ರೈತನು ಒಪ್ಪುವನೇ? ವಸ್ತುವು ಸವೆಯದಿದ್ದರೂ ಅದರ ಮೇಲೆ ಒಡೆಯನಿಗಿರುವ ಹಕ್ಕು ಸವೆಯುವುದಿಲ್ಲ. ತನ್ನ ಹೊಲಕ್ಕೆ ಬಯಸುವ ನ್ಯಾಯವನ್ನು ಮತ್ತೊಬ್ಬರ ದುಡಿಮೆಗೂ ಸಲ್ಲಿಸುವುದೇ ಧರ್ಮ.

ಕಾನೂನು ಕೂಡ ಇದನ್ನೇ ಹೇಳುತ್ತದೆ. 1957ರ ಕೃತಿಸ್ವಾಮ್ಯ ಅಧಿನಿಯಮವು ಇಂಥ ನಕಲನ್ನು ಅಪರಾಧವೆಂದು ಗಣಿಸಿದೆ. ಚಿತ್ರಮಂದಿರದಲ್ಲಿ ಕಳ್ಳತನದಿಂದ ಚಿತ್ರವನ್ನು ಸೆರೆಹಿಡಿಯುವವರಿಗೆ 2023ರ ತಿದ್ದುಪಡಿಯ ಪ್ರಕಾರ 3 ತಿಂಗಳಿಂದ 3 ವರ್ಷಗಳವರೆಗೆ ಸೆರೆವಾಸವನ್ನು ವಿಧಿಸಬಹುದು. ಆದರೆ ದಂಡದ ಭಯವೊಂದರಿಂದಲೇ ಸಮಾಜವು ತಿದ್ದುವುದಿಲ್ಲ.

‘ಬಡವರ ಮಕ್ಕಳು ಹಣವನ್ನು ಎಲ್ಲಿಂದ ತರಬೇಕು?’ ಎಂದು ಕೆಲವರು ಕೇಳುತ್ತಾರೆ. ಈ ಪ್ರಶ್ನೆಯನ್ನು ತಳ್ಳಿಹಾಕುವಂತಿಲ್ಲ. ಒಳ್ಳೆಯ ಚಿತ್ರಗಳು ಕಡಿಮೆ ದರದಲ್ಲಿ ಹಳ್ಳಿಗಳಿಗೂ ದೊರೆಯುವಂತೆ ಮಾಡುವುದು ಚಿತ್ರೋದ್ಯಮದ ಹಾಗೂ ಸರಕಾರದ ಕರ್ತವ್ಯ. ಆದರೆ ಮನರಂಜನೆಯಿಲ್ಲದ ಕೊರತೆ ಬೇರೆ, ವಿದ್ಯೆಯಿಲ್ಲದ ಕೊರತೆ ಬೇರೆ. ವಿದ್ಯೆಗೆ ಬೇಕಾದುದನ್ನು ಕದಿಯದೆಯೇ ಪಡೆಯಬಹುದು. 1983ರಲ್ಲಿ ರಿಚರ್ಡ್ ಸ್ಟಾಲ್‌ಮನ್ ಅವರು ಘೋಷಿಸಿದ ಗ್ನೂ ಯೋಜನೆಯ ತಂತ್ರಾಂಶಗಳನ್ನು ಯಾರು ಬೇಕಾದರೂ ಬಳಸಬಹುದು, ನಕಲು ಮಾಡಬಹುದು, ತಿದ್ದಬಹುದು. ಅಸೆಂಬ್ಲಿ ಭಾಷೆಯನ್ನು ಯಂತ್ರದ ಅಂಕಿಗಳಿಗೆ ಮಾರ್ಪಡಿಸುವ ಸಾಧನವೂ ಅವುಗಳಲ್ಲಿ ಸೇರಿದೆ. ಇಲ್ಲಿ ನಕಲು ಮಾಡಲು ಒಡೆಯನೇ ಅನುಮತಿಯಿತ್ತಿದ್ದಾನೆ. ದಾನವಾಗಿ ಬಂದುದಕ್ಕೂ ಕದ್ದು ತಂದುದಕ್ಕೂ ಇರುವ ಅಂತರವು ಇದೇ.

ಕದ್ದ ಚಿತ್ರವನ್ನು ಪಡೆಯಲು ಬೆರಳಿನ ಒಂದು ಒತ್ತು ಸಾಕು. ಆದರೆ ನೋಡಿ ಮುಗಿಸಿದವನ ಕೈಯಲ್ಲಿ ಯಾವ ವಿದ್ಯೆಯೂ ಉಳಿಯುವುದಿಲ್ಲ. ಎರಡು ಸಂಖ್ಯೆಗಳನ್ನು ಕೂಡಿಸುವ ನಾಲ್ಕು ಸಾಲಿನ ಅಸೆಂಬ್ಲಿ ಆದೇಶಗಳನ್ನು ಬರೆಯಲು ಒಂದು ಸಂಜೆಯೇ ಬೇಕಾದೀತು. ಮಧುಗಿರಿಯ ಏಕಶಿಲೆಯ ಬೆಟ್ಟವನ್ನು ಹತ್ತುವವನಂತೆ ಇಲ್ಲಿಯೂ ಒಂದೊಂದೇ ಮೆಟ್ಟಿಲನ್ನು ಏರಬೇಕು. ತಪ್ಪಿದರೆ ಮತ್ತೆ ಮೊದಲಿನಿಂದ ನೋಡಬೇಕು. ಹೀಗೆ ದುಡಿದು ತಾನೇ ಒಂದು ವಸ್ತುವನ್ನು ನಿರ್ಮಿಸಿದವನಿಗೆ ಇತರರ ನಿರ್ಮಾಣದ ಬೆಲೆಯೂ ತಾನಾಗಿ ತಿಳಿಯುತ್ತದೆ. ನಕಲು ಮಾಡುವ ಶಕ್ತಿ ಯಂತ್ರಕ್ಕಿದೆ. ನ್ಯಾಯಾನ್ಯಾಯಗಳನ್ನು ಅರಿಯುವ ಶಕ್ತಿ ಮನುಷ್ಯನಿಗೆ ಮಾತ್ರ ಇದೆ. ಯಂತ್ರವನ್ನು ಕಲಿಯುವ ವಿದ್ಯಾರ್ಥಿಯು ಈ ಅಂತರವನ್ನೂ ಕಲಿತಾಗಲೇ ಅವನ ವಿದ್ಯೆ ಪೂರ್ಣವಾಗುತ್ತದೆ.