ಬರೆದವಳ ಹೆಸರು ಎಲ್ಲಿ?

ಹೋದ ತಿಂಗಳು ಉಳಿತಾಯದ ಸಭೆ ಮುಗಿದ ಮೇಲೆ ನಮ್ಮ ಸಂಘದಲ್ಲಿ ‘ಗರ್ಮ್ ಹವಾ’ ಸಿನಿಮಾ ಹಾಕಿದ್ದೆವು. ನಡುನಡುವೆ ನಿಲ್ಲಿಸಿ ನಾನೇ ಅರ್ಥ ಹೇಳುತ್ತಿದ್ದೆ. ದೇಶ ವಿಭಜನೆಯಾದ ಮೇಲೆ ಆಗ್ರಾದ ಒಂದು ಮುಸ್ಲಿಂ ಕುಟುಂಬ ಪಡುವ ಪಾಡು ಅದು. ಮನೆ ಕೈತಪ್ಪಿ, ಎಲ್ಲರೂ ಗಾಡಿ ಹತ್ತುವ ಹೊತ್ತಿಗೆ ಮುದುಕಿ ಮಾತ್ರ ಸೌದೆ ಒಟ್ಟಿದ ಕಡೆ ಹೋಗಿ ಅಡಗಿ ಕೂರುತ್ತಾಳೆ. ಬೀಡಿ ಕಟ್ಟುವ ಅಕ್ಕ ಒಬ್ಬರು ಕೇಳಿದರು: “ಇದನ್ನ ಬರೆದೋರು ಗಂಡಸೊ, ಹೆಂಗಸೊ?”

ಒಳ್ಳೆಯ ಪ್ರಶ್ನೆ. ನಿರ್ದೇಶಕ ಮೈಸೂರಿನ ಎಂ.ಎಸ್. ಸತ್ಯು ನಮಗೆಲ್ಲ ಗೊತ್ತು. ಈ ಚಿತ್ರ 1974ರಲ್ಲಿ ಮೊದಲು ತೆರೆ ಕಂಡದ್ದೂ ಬೆಂಗಳೂರಿನಲ್ಲೇ. ಕಥೆ ಇಸ್ಮತ್ ಚುಗ್ತಾಯಿ ಅವರದು. ಚಿತ್ರಕಥೆ ಬರೆದವರು ಕವಿ ಕೈಫಿ ಆಜ್ಮಿ ಮತ್ತು ಶಮಾ ಜೈದಿ. ಶಮಾ ಯಾರು? “ಸತ್ಯು ಅವರ ಹೆಂಡತಿ” ಎಂದು ಹೇಳಿ ಮುಗಿಸುವುದೇ ನಮ್ಮಲ್ಲಿ ರೂಢಿ!

ಶ್ಯಾಮ್ ಬೆನಗಲ್ ಅವರ ‘ಮಂಡಿ’ (1983) ಚಿತ್ರಕಥೆಯಲ್ಲಿ ಆಕೆಯ ಕೈಯಿದೆ. ಊರಿನ ದೊಡ್ಡಮನುಷ್ಯರು ಸೂಳೆಗೇರಿಯನ್ನು ಊರಾಚೆ ಅಟ್ಟುವ ಕಥೆ ಅದು. ಪೋಚಂಪಲ್ಲಿ ನೇಕಾರರ ಬದುಕಿನ ‘ಸುಸ್ಮನ್’ (1987), ದೂರದರ್ಶನದಲ್ಲಿ 53 ಕಂತು ಬಂದ ‘ಭಾರತ್ ಏಕ್ ಖೋಜ್’, 2014ರ ‘ಸಂವಿಧಾನ್’, ಎಲ್ಲದರ ಬರವಣಿಗೆಯಲ್ಲೂ ಶಮಾ ಇದ್ದಾರೆ. ನಾಲ್ಕು ದಶಕದ ದುಡಿಮೆ. ಆದರೂ ನಮ್ಮ ಸಭೆಯ ಮೂವತ್ತು ಹೆಂಗಸರಲ್ಲಿ ಒಬ್ಬರೂ ಆ ಹೆಸರು ಕೇಳಿರಲಿಲ್ಲ. ಸಾರು ರುಚಿಯಾಗಿದೆ ಎಂದವರು ಮಾಡಿದವಳನ್ನು ಎಲ್ಲಿ ಕೇಳುತ್ತಾರೆ?

ಹಾಗೆಂದು ಈ ಚಿತ್ರದ ಎಲ್ಲವನ್ನೂ ನಾನು ಒಪ್ಪುವುದಿಲ್ಲ. ಮಗಳು ಅಮೀನಾ ಇಬ್ಬರನ್ನು ನಂಬಿ ಇಬ್ಬರನ್ನೂ ಕಳೆದುಕೊಂಡು, ಮದುವಣಗಿತ್ತಿಯಂತೆ ಸಿಂಗರಿಸಿಕೊಂಡು ಪ್ರಾಣ ಬಿಡುತ್ತಾಳೆ. ಎಲ್ಲರೂ ಅತ್ತೆವು. ಆದರೆ ನನಗೆ ಸಿಟ್ಟೂ ಬಂತು. ಕೊನೆಗೆ ಅಣ್ಣ ಮೆರವಣಿಗೆ ಸೇರುತ್ತಾನೆ, ಅಪ್ಪನೂ ಸೇರುತ್ತಾನೆ. ಮಗಳಿಗೆ ಮಾತ್ರ ಬೀದಿಗಿಳಿಯುವ ದಾರಿಯನ್ನು ಬರೆದವರು ಯಾಕೆ ಇಡಲಿಲ್ಲ?

ಇದನ್ನು ಹೇಳುವಾಗ ನನಗೇ ನಾಚಿಕೆಯಾಯಿತು. ವರದಕ್ಷಿಣೆ ಬಗ್ಗೆ ನಮ್ಮ ತಂಡಕ್ಕೆ ನಾನು ಬರೆದ ಮೂರು ಬೀದಿ ನಾಟಕಗಳಲ್ಲೂ ಹುಡುಗಿ ಸೀಮೆಎಣ್ಣೆಗೆ ಬಲಿಯಾಗುತ್ತಾಳೆ. ಜನ ಅಳುತ್ತಾರೆ, ಚಪ್ಪಾಳೆ ತಟ್ಟುತ್ತಾರೆ, ಮನೆಗೆ ಹೋಗುತ್ತಾರೆ. ಒಂದು ಹಳ್ಳಿಯಲ್ಲಿ ನಾಟಕ ಮುಗಿದ ಮೇಲೆ ಒಬ್ಬ ಸೊಸೆ ನನ್ನ ಸೆರಗು ಹಿಡಿದು, “ಹಂಗಾರೆ ಸಾಯೋದೇ ಏನಕ್ಕಾ?” ಅಂದಳು. ಆ ಪ್ರಶ್ನೆಗೆ ನನ್ನ ನಾಟಕದಲ್ಲಿ ಉತ್ತರ ಇರಲಿಲ್ಲ.

ಉತ್ತರ ಆ ಮುದುಕಿಯಲ್ಲಿದೆ ಎಂದು ಈಗ ಅನ್ನಿಸುತ್ತಿದೆ. ಅವಳು ಮನೆ ಬಿಡಲೊಲ್ಲೆ ಅಂದಳು. 2005ರ ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆಯೂ ಅದನ್ನೇ ಹೇಳುತ್ತದೆ: ಮನೆ ಯಾರ ಹೆಸರಿನಲ್ಲೇ ಇರಲಿ, ಕೂಡಿ ಬಾಳಿದ ಮನೆಯಲ್ಲಿ ಇರುವ ಹಕ್ಕು ಹೆಂಡತಿಗೆ ಇದೆ. ಸಂರಕ್ಷಣಾಧಿಕಾರಿಗೆ ದೂರು ಕೊಡಬಹುದು, ಕೋರ್ಟಿನಿಂದ ಆದೇಶ ತರಬಹುದು. ಎಷ್ಟು ಸೊಸೆಯಂದಿರಿಗೆ ಇದು ಗೊತ್ತು?

ನವೆಂಬರ್ 25ರ ಜಾಥಾಕ್ಕೆ ಹೊಸ ನಾಟಕ ಬರೆಯುತ್ತಿದ್ದೇವೆ. ಈ ಸಲ ನಾನೊಬ್ಬಳೇ ಅಲ್ಲ. ಬೀಡಿ ಅಕ್ಕ ಹೇಳುತ್ತಾರೆ, ಓದು ಬಲ್ಲ ಅವರ ಮಗಳು ಬರೆದುಕೊಳ್ಳುತ್ತಾಳೆ. ಮೊದಲ ದೃಶ್ಯದಲ್ಲಿ ಸೊಸೆಯ ಟ್ರಂಕು ಬೀದಿಗೆ ಬೀಳುತ್ತದೆ. ಅವಳು ಅದನ್ನು ಎತ್ತಿಕೊಂಡು ಮತ್ತೆ ಒಳಗೆ ಹೋಗುತ್ತಾಳೆ. ಮುಂದಿನದು ಇನ್ನೂ ಆಗಬೇಕು. ಕರಪತ್ರದಲ್ಲಿ ಮಾತ್ರ ತಾಯಿ ಮಗಳ ಹೆಸರು ಮೊದಲ ಸಾಲಿನಲ್ಲೇ ಹಾಕಿಸಿದ್ದೇವೆ.