ದಖ್ಖಣದ ಪುಟ್ಟ ಕಳ್ಳ

ವಿಜಯಪುರ, ಕಲಬುರಗಿ, ಬೀದರ ಭಾಗದ ಎರೆಹೊಲಗಳಲ್ಲಿ ಜೋಳ ಬಿತ್ತುವ ನಮ್ಮ ರೈತಬಂಧುಗಳ ಕಾಲಡಿಯ ಕರಿಗಲ್ಲು ಒಂದು ಕಾಲಕ್ಕೆ ಕುದಿಯುತ್ತ ಹರಿದ ಬೆಂಕಿಯ ರಸವಾಗಿತ್ತೆಂಬುದನ್ನು ವಾಚಕರು ಶಾಲೆಯಲ್ಲಿಯೇ ಓದಿರುತ್ತಾರೆ. ಸುಮಾರು 6 ಕೋಟಿ 60 ಲಕ್ಷ ವರ್ಷಗಳ ಹಿಂದಿನ ಆ ಲಾವಾ ಒಂದೇ ಸಲಕ್ಕೆ ಹರಿದುದಲ್ಲ. ಒಂದು ಹರಿವಿಗೂ ಇನ್ನೊಂದಕ್ಕೂ ನಡುವೆ ದೀರ್ಘವಾದ ಬಿಡುವಿರುತ್ತಿತ್ತು. ಆ ಬಿಡುವಿನಲ್ಲಿ ಕೆರೆಗಳು ತುಂಬಿದವು, ಗಿಡಮರಗಳು ಬೆಳೆದವು, ಮೀನು ಕಪ್ಪೆಗಳು ನೆಲೆಸಿದವು. ಮತ್ತೆ ಲಾವಾ ಬಂದು ಎಲ್ಲವನ್ನೂ ಮುಚ್ಚಿತು. ಹೀಗೆ ಎರಡು ಕಲ್ಲುಹಾಸುಗಳ ನಡುವೆ ಸಿಕ್ಕಿಕೊಂಡ ಕೆಸರಿನಲ್ಲಿಯೇ ಡೆಕನೊಲೆಸ್ಟಿಸ್ ಎಂಬ ಪ್ರಾಣಿಯ ಕಥೆ ಅಡಗಿದೆ.

ಹೈದರಾಬಾದಿನ ಪಶ್ಚಿಮಕ್ಕೆ, ಇಂದಿನ ತೆಲಂಗಾಣದಲ್ಲಿರುವ ನಾಸ್ಕಲ್ ಎಂಬ ಹಳ್ಳಿಯ ಬಳಿ ಅಂತಹ ಕೆಸರಿನ ಪದರವೊಂದಿದೆ. ಅಲ್ಲಿನ ಜೇಡಿಯನ್ನು ನೀರಿನಲ್ಲಿ ನೆನೆಸಿ, ಸಣ್ಣ ಕಣ್ಣಿನ ಜರಡಿಯಲ್ಲಿ ತೊಳೆದು, ಉಳಿದ ಕಸವನ್ನು ಸೂಕ್ಷ್ಮದರ್ಶಕದಡಿ ಒಂದೊಂದೇ ಕಣವಾಗಿ ಆರಿಸಬೇಕು. ಮೊರದಲ್ಲಿ ಅಕ್ಕಿಯ ಕಲ್ಲು ಆರಿಸಿ ಬಲ್ಲ ನಮ್ಮ ತಾಯಂದಿರಿಗೆ ಈ ಕೆಲಸದ ಬೇಸರ ಎಂಥದೆಂದು ವಿವರಿಸಬೇಕಾಗಿಲ್ಲ. ಫಲವಾಗಿ ದೊರೆತದ್ದು ರಾಗಿಯ ಕಾಳಿನ ಗಾತ್ರದ ಕೆಲವು ಹಲ್ಲುಗಳು! ಅವನ್ನು ಆಧರಿಸಿ ಜಿ. ವಿ. ಆರ್. ಪ್ರಸಾದ್ ಮತ್ತು ಅಶೋಕ್ ಸಾಹ್ನಿ ಅವರು 1988ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಲೇಖನ ಪ್ರಕಟಿಸಿದರು. ಡೈನೋಸಾರುಗಳ ಆ ಕಡೆಯ ಯುಗಕ್ಕೆ ಸೇರಿದ ಸ್ತನಿಯೊಂದು ಭಾರತದಲ್ಲಿ ದೊರೆತುದು ಅದೇ ಮೊದಲು.

ಗ್ರೀಕ್ ಭಾಷೆಯಲ್ಲಿ ‘ಲೆಸ್ಟಿಸ್’ ಎಂದರೆ ಕಳ್ಳ, ದರೋಡೆಗಾರ. ಮೊದಲ ಪ್ರಭೇದಕ್ಕೆ ‘ಹಿಸ್ಲಾಪಿ’ ಎಂದು ಹೆಸರಿಟ್ಟು, ನಾಗಪುರದಲ್ಲಿದ್ದ ಪಾದ್ರಿ ಸ್ಟೀಫನ್ ಹಿಸ್ಲಾಪರನ್ನು ಸ್ಮರಿಸಲಾಯಿತು. ಲಾವಾದ ನಡುವಣ ಈ ಪದರಗಳನ್ನು ಮೊದಲಿಗೆ ಶ್ರದ್ಧೆಯಿಂದ ಅಭ್ಯಸಿಸಿದವರಲ್ಲಿ ಅವರೊಬ್ಬರು. 1863ರಲ್ಲಿ ಹೊಳೆ ದಾಟುವಾಗ ಮುಳುಗಿ ತೀರಿಕೊಂಡರು.

ಹಲ್ಲೊಂದರಿಂದ ಏನು ತಿಳಿದೀತೆಂದು ನಾವೂ ಮೊದಲು ಸಂಶಯಪಟ್ಟೆವು. ಆದರೆ ಕೆಳದವಡೆಯ ಹಲ್ಲಿನ ಹಿಂಭಾಗದಲ್ಲಿ ಒರಳಿನಂತಹ ಗುಳಿ, ಮೇಲಿನ ಹಲ್ಲಿನಲ್ಲಿ ಅದರೊಳಕ್ಕೆ ಬಂದು ಬೀಳುವ ಒನಕೆಯಂತಹ ಮೊನೆ. ಕತ್ತರಿಸುವುದು, ಕುಟ್ಟುವುದು ಎರಡೂ ಒಂದೇ ಕಚ್ಚಿನಲ್ಲಿ. ಹುಳುಹುಪ್ಪಟೆಗಳನ್ನು ತಿನ್ನುವ ಬಾಯಿ ಅದು. ಮುಂದೆ ದೊರೆತ ಹಿಮ್ಮಡಿಯ ಎಲುಬುಗಳು ಇನ್ನೂ ಸ್ವಾರಸ್ಯದವು. ಪಾದವನ್ನು ಸಲೀಸಾಗಿ ಹೊರಳಿಸಬಲ್ಲ ಅವುಗಳ ಆಕಾರದಿಂದ, ಇದು ಮರವೇರಿ ಬಾಳುತ್ತಿದ್ದ ಜೀವಿಯೆಂದು 1994ರಲ್ಲಿಯೇ ಸೂಚಿಸಲಾಯಿತು.

ಆಗ ಕೆಲವರಿಗೆ ಆಸೆಯೂ ಹುಟ್ಟಿತು: ಮರವೇರುವ ಈ ದಖ್ಖಣದ ಪ್ರಾಣಿ ವಾನರಕುಲಕ್ಕೆ, ಆ ಮೂಲಕ ನಮಗೆ ಸಮೀಪದ ಬಂಧುವಾಗಿರಬಾರದೇಕೆ? 2011ರ ವಿಶ್ಲೇಷಣೆ ಅದಕ್ಕೆ ಒಪ್ಪಲಿಲ್ಲ. ಇಂದು ಬದುಕಿರುವ ಮಾಸುಳ್ಳ ಸ್ತನಿಗಳ ಬಳಗದಿಂದಲೇ ಇದನ್ನು ಹೊರಗಿಟ್ಟಿತು. ನಂಟು ಕಂಡದ್ದು ಬೇರೆ ಕಡೆ, ಆಫ್ರಿಕ ಮತ್ತು ಯೂರೋಪುಗಳಲ್ಲಿ ತುಸು ಈಚಿನ ಪದರಗಳಲ್ಲಿ ದೊರೆತ ಅಡಾಪಿಸೊರಿಕ್ಯುಲಿಡ್ ಎಂಬ ಕುಟುಂಬದೊಡನೆ.

ನಮ್ಮ ಮಟ್ಟಿಗೆ ಈ ನಂಟೇ ಹೆಚ್ಚು ಕೌತುಕದ್ದು. ಆ ಕಾಲಕ್ಕೆ ಭಾರತವು ಮಡಗಾಸ್ಕರಿನಿಂದ ಬೇರ್ಪಟ್ಟು ಎರಡು ಕೋಟಿ ವರ್ಷಗಳಾಗಿದ್ದವು. ಏಷ್ಯವನ್ನು ಇನ್ನೂ ಮುಟ್ಟಿರಲಿಲ್ಲ. ಸುತ್ತಲೂ ಕಡಲಿದ್ದಾಗ ಅಂಗೈಯಲ್ಲಿ ಹಿಡಿಸುವ ಈ ಪ್ರಾಣಿಯ ಬಂಧುಗಳು ದಾಟಿದ್ದೆಂತು, ಅಲ್ಲಿಂದ ಇಲ್ಲಿಗೋ ಇಲ್ಲಿಂದ ಅಲ್ಲಿಗೋ ಎಂಬ ವಿಚಾರದಲ್ಲಿ ವಿದ್ವಾಂಸರಲ್ಲಿ ಇನ್ನೂ ಒಮ್ಮತವಿಲ್ಲ.